ಥಂಬ್‌ನೇಲ್‌ನಲ್ಲಿ ಒಡೆಯುವ ಅಣೆಕಟ್ಟೆ

ಮಾನ್ಯರೇ,

ಮಳೆಗಾಲ ಬಂತೆಂದರೆ ಯೂಟ್ಯೂಬ್‌ನಲ್ಲಿ ಕೆಆರ್‌ಎಸ್ ವಾರಕ್ಕೊಮ್ಮೆ ‘ಒಡೆಯುತ್ತದೆ’. ವಿಡಿಯೊ ತೆರೆದರೆ ಇರುವುದು ಇಷ್ಟೇ: ನೀರು 124.80 ಅಡಿಯ ಗರಿಷ್ಠ ಮಟ್ಟದ ಹತ್ತಿರ ಬಂದಿದೆ, ಒಳಹರಿವು ನೋಡಿಕೊಂಡು ಗೇಟ್ ಎತ್ತಿ ನದಿಗೆ ಬಿಟ್ಟಿದ್ದಾರೆ. ಗೇಟ್ ಎತ್ತುವುದು ಕಟ್ಟೆ ಕಾಯುವ ಕೆಲಸ. ಶೀರ್ಷಿಕೆಯಲ್ಲಿ ಅದೇ ಗಂಡಾಂತರ.

‘ರೆಡ್ ಅಲರ್ಟ್’ ಗತಿಯೂ ಇದೇ. ಹವಾಮಾನ ಇಲಾಖೆ ಸಾಮಾನ್ಯವಾಗಿ 24 ಗಂಟೆಯಲ್ಲಿ 204.4 ಮಿ.ಮೀ. ಮೀರುವಂಥ ಮಳೆಯ ಮುನ್ಸೂಚನೆ ಇದ್ದಾಗ ಈ ಬಣ್ಣ ಬಳಸುತ್ತದೆ, ಅದೂ ಜಿಲ್ಲಾವಾರು. ಕರಾವಳಿಯ ಒಂದೆರಡು ಜಿಲ್ಲೆಗೆ ಕೊಟ್ಟ ಎಚ್ಚರಿಕೆ ಥಂಬ್‌ನೇಲ್‌ಗೆ (ವಿಡಿಯೊದ ಮುಖಚಿತ್ರಕ್ಕೆ) ಬರುವಷ್ಟರಲ್ಲಿ ‘ಇಡೀ ರಾಜ್ಯಕ್ಕೆ’ ಆಗಿರುತ್ತದೆ. ದಿನಾಂಕ ಇರುವುದಿಲ್ಲ, ಕೊನೆಗೊಂದು ಪ್ರಶ್ನಾರ್ಥಕ ಚಿಹ್ನೆ ಇರುತ್ತದೆ. ‘ನಾವು ಕೇಳಿದ್ದಷ್ಟೇ’ ಎಂದು ಜಾರಿಕೊಳ್ಳಲು ಅದೇ ಜಾಮೀನು.

ಇದರ ಹಿಂದಿರುವ ಲೆಕ್ಕ ಸರಳ. 8 ನಿಮಿಷದ ವಿಡಿಯೊ ಆದರೆ ನಡುವೆಯೂ ಜಾಹೀರಾತು ಹಾಕಬಹುದು. ಹಾಗಾಗಿ ಅರ್ಧ ನಿಮಿಷದ ಸುದ್ದಿಗೆ ಹಳೆಯ ಪ್ರವಾಹದ ದೃಶ್ಯ ತುಂಬಿ, ಉತ್ತರವನ್ನು ಕೊನೆಗೆ ತಳ್ಳುತ್ತಾರೆ. ಬರೀ ಕ್ಲಿಕ್‌ಗೆ ಬೆಲೆ ಇರಬಾರದೆಂದು ಯೂಟ್ಯೂಬ್ 2012ರಲ್ಲೇ ನೋಡಿದ ಅವಧಿಯನ್ನು ಅಳತೆಗೋಲು ಮಾಡಿಕೊಂಡಿತು. ಈ ಎಳೆದಾಟ ಅದನ್ನೂ ಸೋಲಿಸಿದೆ. 2021ರಲ್ಲಿ ಡಿಸ್‌ಲೈಕ್ ಸಂಖ್ಯೆ ಮರೆಮಾಡಿದ ಮೇಲೆ, ಮೋಸಹೋದವರು ಮುಂದಿನವರಿಗೆ ಬಿಟ್ಟುಹೋಗುತ್ತಿದ್ದ ಸುಳಿವೂ ಇಲ್ಲ. ಒಳಗಿಲ್ಲದ್ದನ್ನು ಶೀರ್ಷಿಕೆಯಲ್ಲಿ ಹೇಳುವ ಸುದ್ದಿ ವಿಡಿಯೊಗಳನ್ನು ಭಾರತದಲ್ಲಿ ತೆಗೆದುಹಾಕುವುದಾಗಿ ಕಂಪನಿ 2024ರ ಡಿಸೆಂಬರ್‌ನಲ್ಲಿ ಹೇಳಿತು. ಆದರೆ ಆರಂಭದಲ್ಲಿ ಚಾನೆಲ್‌ಗೆ ಸ್ಟ್ರೈಕ್ (ನಿಯಮ ಮುರಿದದ್ದಕ್ಕೆ ಬೀಳುವ ದಂಡನೆ) ಇಲ್ಲ ಎಂದೂ ಸೇರಿಸಿತು.

ನಿಜವಾದ ಅಪಾಯ ಬಂದಾಗ ಇದರ ಬೆಲೆ ತೆರಬೇಕಾದವರು ನದಿದಡದ ಜನ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಗೇಟ್ ಕೊಚ್ಚಿಹೋಯಿತು. ಅಂಥ ರಾತ್ರಿ ಬಂದ ಸುದ್ದಿಯನ್ನು ‘ಇದೂ ಅದೇ ಕಥೆ’ ಎಂದು ಸರಿಸಿ ಮಲಗಿದರೆ ಅವರನ್ನು ದೂರುವಂತಿಲ್ಲ.

ನೋಡುಗರು ವಿಡಿಯೊ ಹಾಕಿದ ದಿನಾಂಕವನ್ನು ಮೊದಲು ನೋಡಲಿ. ದಾರಿ ತಪ್ಪಿಸುವಂತಿದ್ದರೆ ಸೆಟ್ಟಿಂಗ್ಸ್ ಇಲ್ಲವೇ ಮೂರು ಚುಕ್ಕಿ ಒತ್ತಿ ರಿಪೋರ್ಟ್ ಮಾಡಲಿ. ಅದೇ ಚಾನೆಲ್ ಮತ್ತೆ ಮತ್ತೆ ಬಂದರೆ, ಹೋಮ್ ಪುಟದಲ್ಲೇ ಅದರ ಶಿಫಾರಸು ಬೇಡವೆಂದು ಹೇಳುವ ಆಯ್ಕೆಯಿದೆ. ಶಾಲೆಗೆ ರಜೆ ಎಂದರೆ ಜಿಲ್ಲಾಧಿಕಾರಿ ಆದೇಶ ಕಾಣುವವರೆಗೆ ನಂಬುವುದು ಬೇಡ.

ಪತ್ರಿಕೆಗಳ ಚಾನೆಲ್‌ಗಳಿಗೂ ಒಂದು ಮಾತು. ಜಲಾಶಯದ ಮಟ್ಟ, ಒಳಹರಿವು, ಹೊರಹರಿವನ್ನು ಅಚ್ಚಿನಲ್ಲಿ ಕರಾರುವಾಕ್ಕಾಗಿ ಕೊಡುವವರು ವಿಡಿಯೊದಲ್ಲಿ ಮಾತ್ರ ಕೆಂಪು ಬಾಣ ಹಾಕುವುದೇಕೆ? ಶೀರ್ಷಿಕೆಗೆ 100 ಅಕ್ಷರಗಳ ಜಾಗವಿದೆ. ‘ಕೆಆರ್‌ಎಸ್: ಜುಲೈ 12, ಬೆಳಿಗ್ಗೆ 6 – ಹೊರಹರಿವು 50 ಸಾವಿರ ಕ್ಯೂಸೆಕ್’ ಎಂಬ ಮಾದರಿಯ ಸಾಲು ಅದರಲ್ಲಿ ಆರಾಮವಾಗಿ ಹಿಡಿಸುತ್ತದೆ.

– ಓದುಗ, ಮಂಡ್ಯ