ಸೆವಾನಿಯ 1899ರ ಸ್ಕೋರುಗಳನ್ನು ಇಂದಿನ ಲೆಕ್ಕದಲ್ಲಿ ಓದಬಾರದು

ಸಂಪಾದಕರಿಗೆ,

ಮಾನ್ಯರೇ,

ಅಮೆರಿಕನ್ ಫುಟ್‌ಬಾಲಿನ ಹಳೆಯ ಸಾಹಸಗಳ ಮಾತು ಬಂದಾಗಲೆಲ್ಲ ಟೆನೆಸ್ಸೀ ರಾಜ್ಯದ ಗುಡ್ಡದ ಮೇಲಿನ ಪುಟ್ಟ ಕಾಲೇಜು ಸೆವಾನಿಯ ಹೆಸರು ಬಂದೇ ಬರುತ್ತದೆ. 1899ರಲ್ಲಿ ಆ ತಂಡ 12 ಪಂದ್ಯ ಆಡಿ 12ನ್ನೂ ಗೆದ್ದಿತು. ಗಳಿಸಿದ್ದು 322 ಅಂಕ, ಬಿಟ್ಟುಕೊಟ್ಟದ್ದು ಬರೀ 10. ಆದರೆ ಈ ಅಂಕಿಗಳನ್ನು ಅಚ್ಚು ಹಾಕುವಾಗ ಆ ಕಾಲದ ನಿಯಮಗಳನ್ನು ಯಾರೂ ಜೊತೆಗೆ ಕೊಡುವುದಿಲ್ಲ. ಅದರಿಂದ ಓದುಗರಿಗೆ ಸಿಗುವ ಚಿತ್ರವೇ ತಪ್ಪಾಗುತ್ತದೆ.

1899ರಲ್ಲಿ ಟಚ್‌ಡೌನ್‌ಗೆ (ಚೆಂಡನ್ನು ಎದುರಾಳಿಯ ಗೋಲ್ ಗೆರೆ ದಾಟಿಸುವುದಕ್ಕೆ) 5 ಅಂಕ, ಅದರ ನಂತರದ ಒದೆತಕ್ಕೆ 1, ಫೀಲ್ಡ್ ಗೋಲ್‌ಗೂ (ಆಟದ ನಡುವೆ ಚೆಂಡನ್ನು ಒದ್ದು ಗೋಲ್ ಕಂಬಗಳ ನಡುವೆ ಕಳಿಸುವುದಕ್ಕೂ) 5, ಸೇಫ್ಟಿಗೆ (ಚೆಂಡು ಹಿಡಿದವನನ್ನು ಅವನದೇ ಗೋಲ್ ಗೆರೆಯ ಹಿಂದೆ ಕೆಡವುವುದಕ್ಕೆ) 2. ಟಚ್‌ಡೌನ್‌ಗೆ 6 ಅಂಕ ಬಂದದ್ದು 1912ರಲ್ಲಿ. 1899ರ ಡಿಸೆಂಬರ್ 2ರಂದು ಅಟ್ಲಾಂಟಾದಲ್ಲಿ ಸೆವಾನಿ ನಾರ್ತ್ ಕೆರೊಲಿನಾವನ್ನು 5-0ಯಿಂದ ಸೋಲಿಸಿತು. ಇವತ್ತಿನ ಓದುಗ ಇದನ್ನು ಒಂದು ಫೀಲ್ಡ್ ಗೋಲ್ (ಇಂದು 3 ಅಂಕ), ಒಂದು ಸೇಫ್ಟಿ ಎಂದು ಓದಿಕೊಳ್ಳುತ್ತಾನೆ. ಅಂದು ಅದು ಒಂದೇ ಒಂದು ಗಳಿಕೆಯ ಫಲ.

ಆಟವೂ ಬೇರೆಯೇ. ಮುಂದಕ್ಕೆ ಚೆಂಡು ಎಸೆಯುವ ಹಾಗಿರಲಿಲ್ಲ. ಫಾರ್ವರ್ಡ್ ಪಾಸ್‌ಗೆ ಒಪ್ಪಿಗೆ ಸಿಕ್ಕಿದ್ದು 1906ರಲ್ಲಿ. ಮೂರು ಡೌನ್‌ನಲ್ಲಿ, ಅಂದರೆ ಮೂರು ಪ್ರಯತ್ನದಲ್ಲಿ, 5 ಗಜ ಹೋದರೆ ಸಾಕು, ಚೆಂಡು ನಿಮ್ಮದೇ. ಹಾಗಾಗಿ ಗುಂಪು ಕಟ್ಟಿ ಎದುರಾಳಿಯ ಸಾಲಿಗೆ ನುಗ್ಗುವುದೇ ಮುಖ್ಯ ತಂತ್ರ. ದಾಳಿ ಮಾಡಿದ 11 ಮಂದಿಯೇ ರಕ್ಷಣೆಗೂ ನಿಲ್ಲಬೇಕು. ಒಮ್ಮೆ ಹೊರಗೆ ಬಂದವನಿಗೆ ಮತ್ತೆ ಒಳಗೆ ಪ್ರವೇಶವಿಲ್ಲ. ಪೆಟ್ಟು ಬಿದ್ದವರು ಅಂಗಳದಲ್ಲೇ ಉಳಿಯುತ್ತಿದ್ದುದನ್ನು ಬರೀ ಕೆಚ್ಚು ಎಂದು ಬರೆದುಬಿಟ್ಟರೆ ಅರ್ಧ ಸತ್ಯ. ಹೊರಗೆ ಹೋದರೆ ಆ ದಿನದ ಆಟ ಅಲ್ಲಿಗೆ ಮುಗಿಯಿತು ಎಂಬುದೂ ಕಾರಣ. ಸೆವಾನಿಯ ಫುಲ್‌ಬ್ಯಾಕ್ (ಹಿಂದಿನಿಂದ ಚೆಂಡು ಹಿಡಿದು ನುಗ್ಗುವ ಆಟಗಾರ) ಆರ್ಮಂಡ್ ಸಿಮ್‌ಕಿನ್ಸ್ ಅಂಗಳದಲ್ಲಿ ತಿಂದ ಪೆಟ್ಟುಗಳಿಂದಾಗಿ ಮುಂದೆ ಎರಡೂ ಕಾಲು ಕಳೆದುಕೊಂಡರು. ಗೆಲುವಿನ ಪಟ್ಟಿಯ ಪಕ್ಕದಲ್ಲೇ ಇದನ್ನೂ ಬರೆಯಬೇಕು.

ಇನ್ನು ಆ ಋತುವಿನಲ್ಲಿ ಸೆವಾನಿ ಕೈಗೊಂಡ ಪ್ರಸಿದ್ಧ ರೈಲು ಪ್ರವಾಸ. ನವೆಂಬರ್ 9, ಗುರುವಾರ, ಆಸ್ಟಿನ್‌ನಲ್ಲಿ ಟೆಕ್ಸಸ್ ವಿರುದ್ಧ 12-0. ಮಾರನೇ ದಿನ ಹ್ಯೂಸ್ಟನ್‌ನಲ್ಲಿ ಟೆಕ್ಸಸ್ ಎ ಆ್ಯಂಡ್ ಎಂ ವಿರುದ್ಧ 10-0. ಶನಿವಾರ ನ್ಯೂ ಆರ್ಲಿಯನ್ಸ್‌ನಲ್ಲಿ ಟುಲೇನ್ ವಿರುದ್ಧ 23-0. ಸೋಮವಾರ ಬ್ಯಾಟನ್ ರೂಜ್‌ನಲ್ಲಿ ಲೂಸಿಯಾನಾ ಸ್ಟೇಟ್ ವಿರುದ್ಧ 34-0. ಮಂಗಳವಾರ ಮೆಂಫಿಸ್‌ನಲ್ಲಿ ಮಿಸಿಸಿಪ್ಪಿ ವಿರುದ್ಧ 12-0. ಆರು ದಿನಕ್ಕೆ ಐದು ಪಂದ್ಯ, ಸುಮಾರು 4,000 ಕಿಲೋಮೀಟರ್. ‘ಒಂದು ದಿನವೂ ಬಿಡುವಿಲ್ಲದೆ’ ಎಂದು ಬರೆಯುವವರು ನಡುವಿನ ಭಾನುವಾರವನ್ನು ಮರೆಯುತ್ತಾರೆ. ಸೆವಾನಿ ಎಪಿಸ್ಕೋಪಲ್ ಚರ್ಚಿನ ಕಾಲೇಜು, ಆ ದಿನ ಪಂದ್ಯವಿರಲಿಲ್ಲ. ಪ್ರವಾಸದ ಅತಿ ದೊಡ್ಡ ಗೆಲುವು ಬಂದದ್ದು ಆ ಬಿಡುವಿನ ಮರುದಿನ. ಎದುರಾಳಿಗಳೆಲ್ಲ ಸಮಬಲರಲ್ಲ ಎಂಬುದು ನಿಜವೇ, ಆದರೂ ಒಂದು ದಿನದ ವಿಶ್ರಾಂತಿಯ ಬೆಲೆಯನ್ನು ಆ ಸ್ಕೋರಿನಲ್ಲಿ ಕಾಣಬಹುದು.

ಈ ಪ್ರವಾಸದ ರೂವಾರಿ ತರಬೇತುದಾರ ಬಿಲ್ಲಿ ಸೂಟರ್ ಅಲ್ಲ, ನಾಯಕ ಡಿಡ್ಡಿ ಸೀಬೆಲ್ಸ್ ಕೂಡ ಅಲ್ಲ. ಅದು ವಿದ್ಯಾರ್ಥಿ ಮ್ಯಾನೇಜರ್ ಲ್ಯೂಕ್ ಲೀ ಅವರ ಕೆಲಸ. ಮುಂದೆ ನ್ಯಾಶ್‌ವಿಲ್‌ನಲ್ಲಿ ಪತ್ರಿಕೆ ಸ್ಥಾಪಿಸಿ, ಅಮೆರಿಕದ ಸೆನೆಟ್‌ಗೂ ಹೋದವರು ಇವರು. ಟಿಕೆಟ್ ಹಣ ಹಂಚಿಕೊಳ್ಳುವ ವಿಷಯದಲ್ಲಿ ನ್ಯಾಶ್‌ವಿಲ್‌ನ ವ್ಯಾಂಡರ್‌ಬಿಲ್ಟ್ ವಿಶ್ವವಿದ್ಯಾಲಯದ ಜೊತೆ ತಕರಾರಾಗಿ, ಒಳ್ಳೆಯ ಆದಾಯದ ಪಂದ್ಯವೇ ಕೈತಪ್ಪಿತ್ತು. ದೂರದ ಊರುಗಳ ಪಂದ್ಯಗಳನ್ನು ಒತ್ತೊತ್ತಾಗಿ ಜೋಡಿಸಿದರೆ ಒಂದೇ ಪ್ರಯಾಣದ ಖರ್ಚಿನಲ್ಲಿ ಐದು ಕಡೆಯ ಟಿಕೆಟ್ ಹಣದಲ್ಲಿ ಪಾಲು ಸಿಗುತ್ತದೆ, ಮಲಗುವ ಬೋಗಿಯಲ್ಲೇ ರಾತ್ರಿ ಕಳೆದರೆ ಹೋಟೆಲ್ ಖರ್ಚೂ ಉಳಿಯುತ್ತದೆ. ಹೊಸ ಊರಿನ ನೀರು ಕುಡಿದು ಹೊಟ್ಟೆ ಕೆಡದಿರಲೆಂದು ಸೆವಾನಿಯ ಒರತೆ ನೀರನ್ನೇ ಪೀಪಾಯಿಗಳಲ್ಲಿ ತುಂಬಿಕೊಂಡು ಹೋದರು. ಇದ್ದವರೇ ಇಪ್ಪತ್ತರ ಆಸುಪಾಸು ಆಟಗಾರರು. ನಾಲ್ಕೈದು ಮಂದಿ ಹೊಟ್ಟೆನೋವಿಂದ ಮಲಗಿದ್ದರೆ ಇಡೀ ಪ್ರವಾಸವೇ ಮಣ್ಣುಪಾಲಾಗುತ್ತಿತ್ತು.

ನನ್ನ ಮಟ್ಟಿಗೆ ಆ ಋತುವಿನ ನಿಜವಾದ ಪರೀಕ್ಷೆ ನವೆಂಬರ್ 30ರಂದು ಮಾಂಟ್‌ಗಮರಿಯಲ್ಲಿ ನಡೆದ ಆಬರ್ನ್ ವಿರುದ್ಧದ ಪಂದ್ಯ. ಎದುರಾಳಿಯ ತರಬೇತುದಾರ ಜಾನ್ ಹೈಸ್‌ಮನ್. ಇಂದಿಗೂ ಕಾಲೇಜು ಫುಟ್‌ಬಾಲಿನ ಅತ್ಯುತ್ತಮ ಆಟಗಾರನಿಗೆ ಕೊಡುವ ಟ್ರೋಫಿ ಇವರ ಹೆಸರಿನದೇ. ಸೆವಾನಿ ಗೆದ್ದದ್ದು 11-10ರಿಂದ. ಇಡೀ ಋತುವಿನಲ್ಲಿ ಅದರ ಮೇಲೆ ಅಂಕ ಗಳಿಸಿದ್ದು ಆಬರ್ನ್ ಒಂದೇ. ಬಿಡಿಸಿ ನೋಡಿದರೆ ಎರಡೂ ಕಡೆ ಎರಡೆರಡು ಸಲ ಐದು ಅಂಕ. ಅಂತರವೆಲ್ಲ ಟಚ್‌ಡೌನ್ ನಂತರದ ಒಂದು ಒದೆತದ್ದು. ಇಂದು ಆ ಒದೆತ ಗೋಲ್ ಕಂಬದ ಎದುರಿನಿಂದ, ಬಹುಪಾಲು ಖಚಿತ. ಅಂದು ಹಾಗಲ್ಲ. ಸಾಮಾನ್ಯವಾಗಿ ಚೆಂಡನ್ನು ನೆಲಕ್ಕೆ ಮುಟ್ಟಿಸಿದ ಜಾಗದಿಂದ ನೇರ ಹಿಂದಕ್ಕೆ ತಂದು ಅಲ್ಲಿಂದ ಒದೆಯಬೇಕು. ಮೂಲೆಯಲ್ಲಿ ಗೆರೆ ದಾಟಿದರೆ ಕಂಬಗಳ ನಡುವಿನ ಕಿಂಡಿ ಕಣ್ಣಿಗೆ ಸಣ್ಣದಾಗುತ್ತದೆ. ಹಿಂದೆ ಸರಿದರೆ ಕೋನ ಸುಧಾರಿಸುತ್ತದೆ, ಆದರೆ ದೂರ ಹೆಚ್ಚುತ್ತದೆ. ಆದ್ದರಿಂದ ಚೆಂಡು ಹಿಡಿದು ಓಡಿದವನು ಗೆರೆ ದಾಟಿದ ಮೇಲೂ ಕಂಬದತ್ತ ಸರಿಯಲು ಹೆಣಗುತ್ತಿದ್ದ. 11-10 ಎಂಬ ಸ್ಕೋರಿನ ಹಿಂದೆ ಇಷ್ಟೆಲ್ಲ ಇದೆ.

ಪುಟದಲ್ಲಿ ಜಾಗ ಕಡಿಮೆ ಎಂಬುದು ಗೊತ್ತು. 1912ಕ್ಕಿಂತ ಹಿಂದಿನ ಯಾವುದೇ ಪಂದ್ಯದ ಬಗ್ಗೆ ಪ್ರಕಟಿಸುವಾಗ ಟಚ್‌ಡೌನ್, ಫೀಲ್ಡ್ ಗೋಲ್‌ಗಳಿಗೆ ಆ ವರ್ಷ ಎಷ್ಟೆಷ್ಟು ಅಂಕ ಎಂದು ಒಂದೇ ಸಾಲಿನಲ್ಲಿ ಕೊಡಿ. ಫೀಲ್ಡ್ ಗೋಲ್ 1904ರಲ್ಲಿ 4ಕ್ಕೆ, 1909ರಲ್ಲಿ 3ಕ್ಕೆ ಇಳಿದಿದೆ. ಆದ್ದರಿಂದ ವರ್ಷ ನೋಡಿಯೇ ಬರೆಯಬೇಕು.

ಇಂತಿ,
ನಿಮ್ಮ ಓದುಗ