ಓರ್ಕ್‌ಗಳ ಲೆಕ್ಕ ಸರಿ, ಪಾಳಿ ಎಲ್ಲಿ?

ಮಾನ್ಯ ಸಂಪಾದಕರೇ,

ಮಳೆ ರಜೆಯಲ್ಲಿ ಮಕ್ಕಳು ಮನೆಯೊಳಗೇ ಆಡಬಹುದಾದ ಆಟಗಳ ಸಾಲಿನಲ್ಲಿ ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಎಂಬ, ಪಾತ್ರ ವಹಿಸಿ ದಾಳ ಉರುಳಿಸಿ ಆಡುವ ಸಾಹಸದಾಟದ ಬಗ್ಗೆ ನಿಮ್ಮ ಪುರವಣಿ ಬರೆದದ್ದು ಸಂತೋಷ. ಆದರೆ ಡಂಜನ್, ಅಂದರೆ ಆಟದ ನೆಲದೊಳಗಿನ ಕೋಟೆ, ಕಟ್ಟುವ ಬಗೆ ಹೇಳುವಾಗ 24 ಓರ್ಕ್‌ಗಳನ್ನು (ಆಟದ ಕಾಲ್ಪನಿಕ ರಾಕ್ಷಸರನ್ನು) ಕಾವಲಿಗೆ ನಿಲ್ಲಿಸಿ ಎಂದಷ್ಟೇ ಹೇಳಿ ಕೈಬಿಡಲಾಗಿದೆ. ಆಟ ಕೆಡುವುದೇ ಅಲ್ಲಿಂದ.

24 ಓರ್ಕ್ ಇದ್ದರೆ, ಮೂರು ಪಾಳಿ ಮಾಡಿದಾಗ ಒಮ್ಮೆಗೆ ಕಾವಲಿಗೆ ಸಿಗುವುದು ಎಂಟು. ಇನ್ನೆಂಟು ನೀರು, ಸೌದೆ, ಅಡುಗೆ ಎಂದು ಓಡಾಡುತ್ತಿರುತ್ತವೆ, ಉಳಿದವು ಮಲಗಿರುತ್ತವೆ. 2014ರ ಐದನೇ ಆವೃತ್ತಿಯ ನಿಯಮದಂತೆ ತಲೆಗೆ ದಿನಕ್ಕೆ ಒಂದು ಪೌಂಡ್ ಆಹಾರ, ಒಂದು ಗ್ಯಾಲನ್ ನೀರು ಬೇಕು. ಒಟ್ಟು ಸುಮಾರು 11 ಕಿಲೋ ಆಹಾರ, 90 ಲೀಟರ್ ನೀರು. ಹದಿನೈದು ಲೀಟರಿನ ಕೊಡದಲ್ಲಿ ಆರು ಕೊಡ. ಸೆಕೆಗಾಲದಲ್ಲಿ ನೀರು ಇದರ ಎರಡರಷ್ಟು. ಬಾವಿ ಕೋಟೆಯ ಹೊರಗಿದ್ದರೆ ಆಟಗಾರರು ಬಾಗಿಲು ಒಡೆಯುವ ಗೋಜಿಗೇ ಹೋಗುವುದಿಲ್ಲ, ನೀರಿನ ದಾರಿ ಕಾಯುತ್ತಾರೆ.

ಎಲ್ಲರೂ ಎಡವುವುದು ಬೆಳಕಿನ ವಿಷಯದಲ್ಲಿ. ಓರ್ಕ್‌ಗೆ ಕತ್ತಲಲ್ಲಿ 60 ಅಡಿ ಕಾಣುತ್ತದೆ, ಹಾಗಾಗಿ ದೀಪ ಬೇಡ ಎನ್ನುವವರೇ ಹೆಚ್ಚು. ಆದರೆ ಆ ಕಣ್ಣಿಗೂ ಗಾಢ ಕತ್ತಲು ಮಬ್ಬುಬೆಳಕಾಗಿಯೇ ತೋರುತ್ತದೆ. ಅದರ ಸಹಜ ಎಚ್ಚರದ ಅಂಕ (ಹುಡುಕದಿದ್ದರೂ ಸುತ್ತಲಿನದನ್ನು ಗಮನಿಸುವ ಶಕ್ತಿ) 10, ಮಬ್ಬಿನಲ್ಲಿ ಕಣ್ಣಿಂದ ಗುರುತಿಸಬೇಕಾದಾಗ 5ಕ್ಕೆ ಇಳಿಯುತ್ತದೆ. ಹೊಸಬನ ಕಳ್ಳ ಪಾತ್ರವೂ ಮೂಗಿನಡಿಯಲ್ಲೇ ನುಸುಳಿ ಹೋಗುತ್ತದೆ. ಪಂಜು ಒಂದು ತಾಮ್ರದ ನಾಣ್ಯಕ್ಕೆ ಸಿಗುತ್ತದೆ, ಉರಿಯುವುದು ಒಂದು ಗಂಟೆ. ಒಂದು ಕಾವಲುಜಾಗಕ್ಕೆ ದಿನಕ್ಕೆ 24 ಬೇಕು. ಲಾಟೀನಿಗೆ ಒಂದು ಕುಪ್ಪಿ ಎಣ್ಣೆ ಆರು ಗಂಟೆ ಬರುತ್ತದೆ, ದಿನಕ್ಕೆ ನಾಲ್ಕು ಕುಪ್ಪಿ, ಒಟ್ಟು 40 ತಾಮ್ರ. ದುಬಾರಿ ಎನಿಸಿದರೂ ಹೆಬ್ಬಾಗಿಲಿಗೆ ಲಾಟೀನೇ ಸರಿ. ಗಂಟೆಗೊಮ್ಮೆ ಪಂಜು ಬದಲಿಸಲು ಒಂದು ಓರ್ಕ್ ಜಾಗ ಬಿಟ್ಟು ಹೋಗಬೇಕಾಗುತ್ತದೆ, ಹೊಗೆಯ ಕಾಟ ಬೇರೆ.

ಹೆಬ್ಬಾಗಿಲ ಓಣಿ ಹತ್ತು ಅಡಿ ಅಗಲವಿರಲಿ. ಎರಡು ಓರ್ಕ್ ಅಕ್ಕಪಕ್ಕ ನಿಂತು ಕೊಡಲಿ ಬೀಸಬಹುದು, ಹಿಂದಿನವು ಭರ್ಜಿ ಎಸೆಯಬಹುದು. ಐದೇ ಅಡಿ ಇಟ್ಟರೆ ಕೊಡಲಿ ಬೀಸಲು ಸಿಗುವುದು ಒಂದೇ ಓರ್ಕ್, ಉಳಿದವು ಹಿಂದೆ ಸಾಲಾಗಿ ನಿಲ್ಲಬೇಕು. ಶತ್ರು ಕಣ್ಣಿಗೆ ಬಿದ್ದರೆ ಓರ್ಕ್ ಒಂದೇ ಸುತ್ತಿನಲ್ಲಿ 30ರ ಬದಲು 60 ಅಡಿ ನುಗ್ಗಿ ಹೊಡೆಯಬಲ್ಲದು. ಆದ್ದರಿಂದ ಕೆಲಸದ ಪಾಳಿಯ ಕೋಣೆಯಿಂದ ಬಾಗಿಲು ನೇರ ಕಾಣುವಂತಿರಲಿ, ದೂರ 60 ಅಡಿ ಮೀರದಿರಲಿ. ಇದೇ ಗುಣ ಮುಳುವೂ ಹೌದು: ಆಟಗಾರರು ಓಡಿದಂತೆ ನಟಿಸಿದರೆ ಎಂಟೂ ಬೆನ್ನಟ್ಟಿ, ಬಾಗಿಲು ಅನಾಥವಾಗುತ್ತದೆ. ಎರಡು ಓರ್ಕ್ ಏನೇ ಆದರೂ ಕದಲಬಾರದೆಂದು ಮೊದಲೇ ಬರೆದಿಡಿ.

ನಮ್ಮ ಕಡೆ ಅನೇಕರು ಕವಲೇದುರ್ಗವನ್ನು ನೋಡಿ ನಕ್ಷೆ ಬರೆಯುತ್ತಾರೆ. ಒಂದರ ಹಿಂದೊಂದು ಬಾಗಿಲು, ಒಳಗೇ ಕೊಳ; ಮಾದರಿ ಒಳ್ಳೆಯದೇ. ಆದರೆ ಅದು ಗುಡ್ಡದ ಮೇಲಿನ ಕೋಟೆ. ಅದನ್ನೇ ನೆಲದೊಳಗೆ ಇಳಿಸಿದರೆ ಆಗುಂಬೆ ಮಳೆಗೆ ಜಂಬಿಟ್ಟಿಗೆ ಗೋಡೆಯಲ್ಲೆಲ್ಲ ಒರತೆ ಏಳುತ್ತದೆ. ನೆಲ ಒಂದು ಕಡೆಗೆ ಇಳಿಜಾರಿರಲಿ, ಕೊನೆಗೊಂದು ಗುಂಡಿ, ನೀರು ಎತ್ತಿಹಾಕಲು ಎರಡು ಓರ್ಕ್. ಮಲಗುವ ಕೋಣೆ ತಳದಲ್ಲಿ ಬೇಡ. ಪಾಯಖಾನೆ ಕುಡಿಯುವ ನೀರಿಗಿಂತ ತಗ್ಗಿನಲ್ಲಿರಬೇಕೆಂದು ಮಲೆನಾಡಿನವರಿಗೆ ಹೇಳಬೇಕಿಲ್ಲ.

ಇನ್ನು ಮುಂದೆ ನಕ್ಷೆ ಮುದ್ರಿಸುವಾಗ ಒಂದು ಚೌಕಕ್ಕೆ ಐದು ಅಡಿ ಎಂಬ ಅಳತೆಯನ್ನೂ ದಯವಿಟ್ಟು ಹಾಕಿ. ಅದಿಲ್ಲದೆ ಮೇಲಿನ ಅಳತೆಗಳು ಹೊಸಬರಿಗೆ ಉಪಯೋಗಕ್ಕೆ ಬಾರವು.

– ಟೇಬಲ್‌ಟಾಪ್ ಆಟದ ಕೆಲವು ಹವ್ಯಾಸಿಗಳು, ಶಿವಮೊಗ್ಗ