ವ್ಯಾಕ್ಯೂಮ್ ಕ್ಲೀನರ್ ಫಿಲ್ಟರ್: ಡಬ್ಬಿ ಮೇಲಿನ ಹಸಿರೆಲೆ ನೋಡಿ ಕೊಳ್ಬೇಡಿ

ಮಾನ್ಯ ಸಂಪಾದಕರಿಗೆ ನಮಸ್ಕಾರ,

ದಸರಾ ದೀಪಾವಳಿ ಹತ್ತಿರ ಬಂತು ಅಂದ್ರೆ ಮನೆ ಧೂಳು ಹೊಡೆಯೋದು, ಅಟ್ಟ ಕ್ಲೀನ್ ಮಾಡೋದು ಶುರು, ಅದ್ರ ಜೊತೆಗೇ ಆನ್‌ಲೈನ್ ಸೇಲ್‌ಗಳೂ ಶುರು. ಈಚೆಗೆ ವ್ಯಾಕ್ಯೂಮ್ ಕ್ಲೀನರ್‌ಗೆ ಹಾಕೋ ಬದಲಿ ಫಿಲ್ಟರ್‌ಗಳ ಡಬ್ಬಿ ಮೇಲೆ 'ಇಕೋ ಫ್ರೆಂಡ್ಲಿ', 'ಗ್ರೀನ್', 'ನ್ಯಾಚುರಲ್' ಅಂತ ಬರೆಯೋದು ಜಾಸ್ತಿ ಆಗಿದೆ, ಪಕ್ಕದಲ್ಲೊಂದು ಹಸಿರೆಲೆ ಚಿತ್ರ ಬೇರೆ. ಆದ್ರೆ ಆ ಫಿಲ್ಟರ್ ಯಾವ ವಸ್ತುವಿಂದ ಮಾಡಿದ್ದು, ನೀರಲ್ಲಿ ತೊಳೀಬಹುದಾ ಇಲ್ವಾ, ಎಷ್ಟು ಕಾಲ ಬಾಳಿಕೆ ಬರುತ್ತೆ, ಹಾಳಾದ್ಮೇಲೆ ಯಾವ ಕಸಕ್ಕೆ ಹಾಕ್ಬೇಕು, ಈ ನಾಲ್ಕು ಪ್ರಶ್ನೆಗೆ ಎಷ್ಟೋ ಡಬ್ಬಿಗಳ ಮೇಲೆ ಉತ್ತರಾನೇ ಇರಲ್ಲ. ನಮ್ಮನೇಲಿ ಅತ್ತೆಗೆ ಉಬ್ಬಸ ಇದೆ, ಹಾಗಾಗಿ ಫಿಲ್ಟರ್ ವಿಷಯ ನಮಗೆ ಸಣ್ಣದಲ್ಲ, ಓದಿ ವಿಚಾರಿಸಿ ತಿಳ್ಕೊಂಡಿದ್ದನ್ನ ಬೇರೆಯವರಿಗೂ ಉಪಯೋಗ ಆಗ್ಲಿ ಅಂತ ಬರೀತಿದೀನಿ, ಕಾಗದ ಸ್ವಲ್ಪ ಉದ್ದ ಆಯ್ತು, ದಯವಿಟ್ಟು ಕತ್ತರಿಸದೆ ಹಾಕಿ.

ಮೊದಲು ತಿಳ್ಕೋಬೇಕಾದ್ದು, ಮಷೀನ್ ಒಳಗೆ ಇರೋದು ಒಂದೇ ಫಿಲ್ಟರ್ ಅಲ್ಲ. ಕಸ ತುಂಬೋ ಚೀಲ ಅಥವಾ ಡಬ್ಬ ಇರುತ್ತೆ, ಮೋಟಾರ್‌ಗೆ ಮುಂಚೆ ಒಂದು ಸ್ಪಂಜಿನ ಫಿಲ್ಟರ್ ಇರುತ್ತೆ, ಇದು ಮೋಟಾರ್‌ನ ಕಾಪಾಡೋಕೆ. ಆಮೇಲೆ ಗಾಳಿ ಹೊರಗೆ ಬರೋ ಕಡೆ ಮಡಿಕೆ ಮಡಿಕೆಯಾಗಿ ಪೇಪರ್ ತರ ಇರೋದೊಂದು, ಅದೇ ಹೆಪಾ ಫಿಲ್ಟರ್, ನಮ್ಮ ಮೂಗಿಗೆ ಹೋಗೋ ಗಾಳೀನ ಶುದ್ಧ ಮಾಡೋದು ಅದು. ಸ್ಪಂಜಿಂದು ಸಾಮಾನ್ಯವಾಗಿ ತೊಳೆದು ಒಣಗಿಸಿ ವರ್ಷಗಟ್ಟಲೆ ಬಳಸಬಹುದು, ಮುಟ್ಟಿದ್ರೆ ಪುಡಿ ಉದುರೋಕೆ ಶುರುವಾದಾಗ ಬದಲಾಯಿಸಿದ್ರೆ ಸಾಕು. ಕಷ್ಟ ಇರೋದು ಹೆಪಾದಲ್ಲಿ.

ಹೆಪಾ ಅನ್ನೋದು ಬರೀ ಜಾಹೀರಾತಿನ ಮಾತಲ್ಲ. ಎರಡನೇ ಮಹಾಯುದ್ಧದ ಹೊತ್ತಲ್ಲಿ ಅಮೆರಿಕದ ಅಣುಬಾಂಬ್ ಯೋಜನೇಲಿ ವಿಕಿರಣ ಇರೋ ಧೂಳು ಹೊರಗೆ ಹೋಗದ ಹಾಗೆ ತಡೆಯೋಕೆ ಬೆಳೆಸಿದ ತಂತ್ರ ಇದು. ಅಮೆರಿಕದ ಅಳತೆ ಪ್ರಕಾರ 0.3 ಮೈಕ್ರಾನ್ (ಮೈಕ್ರಾನ್ ಅಂದ್ರೆ ಮಿಲಿಮೀಟರಿನ ಸಾವಿರದಲ್ಲೊಂದು ಭಾಗ) ಕಣಗಳಲ್ಲಿ 99.97 ಪರ್ಸೆಂಟ್ ಹಿಡಿದ್ರೆ ಅದು ಹೆಪಾ, ಯುರೋಪಿನ ಇಎನ್ 1822 ಅನ್ನೋ ಮಾನದಂಡದ ಪ್ರಕಾರ ಎಚ್13 ದರ್ಜೆ ಅಂದ್ರೆ 99.95 ಪರ್ಸೆಂಟ್, ಎಚ್14 ಅಂದ್ರೆ 99.995. ಯಾಕೆ 0.3 ಅಂದ್ರೆ ಹೆಚ್ಚುಕಮ್ಮಿ ಆ ಗಾತ್ರದ ಕಣ ಹಿಡಿಯೋದೇ ಎಲ್ಲಕ್ಕಿಂತ ಕಷ್ಟ, ಅದಕ್ಕಿಂತ ದೊಡ್ಡದು ನಾರಿಗೆ ಬಡಿದು ನಿಂತುಬಿಡುತ್ತೆ, ಇನ್ನೂ ಚಿಕ್ಕದು ಅಡ್ಡಾದಿಡ್ಡಿ ಓಡಾಡ್ತಾ ತಾನೇ ಹೋಗಿ ಅಂಟ್ಕೊಳ್ಳುತ್ತೆ. ಡಬ್ಬಿ ಮೇಲೆ 'ಹೆಪಾ ಟೈಪ್', 'ಹೆಪಾ ಲೈಕ್' ಅಂತಿದ್ರೆ ಅದಕ್ಕೆ ಯಾವ ಅಳತೆಯೂ ಇಲ್ಲ ಅಂತ ತಿಳ್ಕೊಳ್ಳಿ. ಎಚ್13 ಅಂತ ಅಚ್ಚು ಹಾಕಿದಾರಾ, ಸುತ್ತ ರಬ್ಬರ್ ಗ್ಯಾಸ್ಕೆಟ್ ಸರಿಯಾಗಿ ಕೂರುತ್ತಾ ಅಂತ ನೋಡಿ, ಯಾಕಂದ್ರೆ ಎಂಥಾ ಒಳ್ಳೇ ಪೇಪರ್ ಆಗಿದ್ರೂ ಪಕ್ಕದ ಸಂದಿಯಿಂದ ಗಾಳಿ ನುಗ್ಗಿದ್ರೆ ಧೂಳು ವಾಪಸ್ ರೂಮಿಗೇ ಬರುತ್ತೆ.

ಈಗ ಪರಿಸರದ ವಿಷಯಕ್ಕೆ ಬರ್ತೀನಿ. ಹೆಪಾ ಮಾಡೋದು ಸಾಮಾನ್ಯವಾಗಿ ಗಾಜಿನ ಸಣ್ಣ ನಾರಿಂದ ಇಲ್ಲಾ ಪಾಲಿಪ್ರೊಪಿಲೀನ್ ಅನ್ನೋ ಪ್ಲಾಸ್ಟಿಕ್ಕಿಂದ, ಇನ್ನು ಕೆಲವಕ್ಕೆ ಮೇಲೆ ಪಿಟಿಎಫ್ಇ, ಅಂದ್ರೆ ನಾನ್‌ಸ್ಟಿಕ್ ತವಾದ ಟೆಫ್ಲಾನ್ ಜಾತಿಯ ಪ್ಲಾಸ್ಟಿಕ್ ಪದರ ಇರುತ್ತೆ. ಇದ್ರಲ್ಲಿ ಯಾವುದೂ ಮಣ್ಣಲ್ಲಿ ಕರಗೋದಲ್ಲ, ಇದಕ್ಕೆ ಪ್ಲಾಸ್ಟಿಕ್ ಫ್ರೇಮು, ಗೋಂದು, ರಬ್ಬರು ಎಲ್ಲಾ ಸೇರ್ಕೊಂಡಿರುತ್ತೆ, ಬಿಡಿಸಿ ಬೇರೆ ಮಾಡೋದು ಮನೇಲಿ ಆಗೋ ಕೆಲಸ ಅಲ್ಲ. ಹಾಗಾಗಿ ಹೆಪಾ ಫಿಲ್ಟರ್ ಮೇಲೆ 'ಬಯೋಡಿಗ್ರೇಡಬಲ್' ಅಂತ ಬರ್ದಿದ್ರೆ ಅಂಗಡಿಯವರನ್ನ ನಿಲ್ಲಿಸಿ ಕೇಳ್ಬೇಕು, ಯಾವ ಭಾಗ, ಯಾವ ಸರ್ಟಿಫಿಕೇಟು ಅಂತ. ನಮ್ಮ ದೇಶದಲ್ಲಿ ಕಾಂಪೋಸ್ಟ್ ಆಗೋ ಪ್ಲಾಸ್ಟಿಕ್ ಅಂತ ಮಾರ್ಬೇಕಾದ್ರೆ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ ಸರ್ಟಿಫಿಕೇಟ್ ಬೇಕು. ನನ್ನ ಪ್ರಕಾರ ಪರಿಸರಕ್ಕೆ ಒಳ್ಳೇ ಫಿಲ್ಟರ್ ಅಂದ್ರೆ ಕಮ್ಮಿ ಸಲ ಬಿಸಾಡಬೇಕಾದ ಫಿಲ್ಟರ್, ಮತ್ತೆ ಹಳೇ ಮಷೀನನ್ನ ಇನ್ನೂ ಹತ್ತು ವರ್ಷ ಓಡಿಸೋ ಫಿಲ್ಟರ್. ಎಲೆ ಚಿತ್ರ ಇದ್ರೆಷ್ಟು ಬಿಟ್ರೆಷ್ಟು.

ಹಾಗಂತ ಎಲ್ಲಾ ಫಿಲ್ಟರ್‌ನೂ ನಲ್ಲಿ ಕೆಳಗೆ ಹಿಡಿಯೋ ಹಾಗಿಲ್ಲ, ಇದನ್ನ ಒತ್ತಿ ಹೇಳ್ತೀನಿ. ಕೊರೋನಾ ಟೈಮಲ್ಲಿ ಎನ್95 ಮಾಸ್ಕ್ ಸೋಪಿನ ನೀರಲ್ಲಿ ಒಗೀಬೇಡಿ ಅಂತ ಹೇಳಿದ್ದು ಜ್ಞಾಪಕ ಇರ್ಬೇಕಲ್ಲ, ಅದ್ರೊಳಗಿನ ಪಾಲಿಪ್ರೊಪಿಲೀನ್ ನಾರಿಗೆ ವಿದ್ಯುತ್ ಚಾರ್ಜ್ ಕೊಟ್ಟಿರ್ತಾರೆ, ಸಣ್ಣ ಕಣ ಹಿಡಿಯೋದೇ ಆ ಚಾರ್ಜು, ಸೋಪು ಬಿದ್ರೆ ಅದು ಹೋಗುತ್ತೆ, ನೋಡೋಕೆ ಮಾತ್ರ ಹೊಸದರ ತರಾನೇ ಕಾಣುತ್ತೆ. ವ್ಯಾಕ್ಯೂಮ್ ಫಿಲ್ಟರ್‌ಗಳಲ್ಲೂ ಎಷ್ಟೋ ಅದೇ ಜಾತಿಯವು. ಗಾಜಿನ ನಾರಿನವು ಒದ್ದೆಯಾದ್ರೆ ಮಡಿಕೆ ಕೆಡುತ್ತೆ, ನಾರು ಕಿತ್ತು ಬರುತ್ತೆ. ಹಾಗಾಗಿ ಕಂಪನಿಯವರೇ 'ವಾಷಬಲ್' ಅಂತ ಬರೆದಿದ್ರೆ ಮಾತ್ರ ತೊಳೀರಿ, ಪಿಟಿಎಫ್ಇ ಪದರ ಇರೋವು ಇದಕ್ಕೆ ಒಳ್ಳೇದು, ಧೂಳು ಒಳಗೆ ಇಳಿಯದೆ ಮೇಲೇ ಕೂತ್ಕೊಳ್ಳುತ್ತೆ. ತಣ್ಣೀರಲ್ಲೇ ತೊಳೀಬೇಕು, ಸೋಪು ಬೇಡ, ಬ್ರಷ್ ಬೇಡ, ಬಿಸಿಲಿಗೂ ಹೇರ್ ಡ್ರೈಯರ್‌ಗೂ ಇಡೋದು ಬೇಡ, ನೆರಳಲ್ಲಿ ಕನಿಷ್ಠ 24 ಗಂಟೆ ಒಣಗಬೇಕು. ಮಂಗಳೂರು ಉಡುಪಿ ಕಡೆ, ಮಲೆನಾಡಲ್ಲಿ ಮಳೆಗಾಲಕ್ಕೆ ಎರಡು ಮೂರು ದಿನ ಆದ್ರೂ ಒಣಗಲ್ಲ, ಹಸಿ ಹಸಿ ಹಾಕಿದ್ರೆ ಬೂಷ್ಟು ಹಿಡಿದು ಅದೇ ಗಾಳಿ ಮನೆಯೆಲ್ಲಾ ಹರಡುತ್ತೆ, ಮೋಟಾರ್‌ಗೂ ಅಪಾಯ. ಅಲ್ಲಿನವರು ವಾಷಬಲ್ ಫಿಲ್ಟರ್ ಎರಡು ತಗೊಂಡು ಒಂದಾದ್ಮೇಲೆ ಒಂದು ಬಳಸೋದು ಒಳ್ಳೇದು, ಎರಡೂ ಸೇರಿ ವರ್ಷಗಟ್ಟಲೆ ಬರುತ್ತೆ. ತೊಳೆಯೋ ಹಾಗಿಲ್ಲದ ಫಿಲ್ಟರ್ ಆದ್ರೆ ಮಾಸ್ಕ್ ಹಾಕ್ಕೊಂಡು ಮನೆ ಹೊರಗೆ ಪೇಪರ್ ಹಾಸಿ ಮೆಲ್ಲಗೆ ತಟ್ಟಿ, ಉಬ್ಬಸ ಇರೋರು ಆ ಕೆಲಸಕ್ಕೆ ಹೋಗ್ಬೇಡಿ.

ಫಿಲ್ಟರ್ ಆಯಸ್ಸು ನಮ್ಮ ಕೈಲೂ ಇದೆ. ನಮ್ಮೂರಲ್ಲಿ ರಸ್ತೆ ಅಗೆತ, ಪಕ್ಕದಲ್ಲಿ ಮನೆ ಕಟ್ಟೋದು ಯಾವಾಗ್ಲೂ ನಡೀತಾನೇ ಇರುತ್ತೆ, ಸಿಮೆಂಟ್ ಪುಡಿ, ಗೋಡೆ ಉಜ್ಜಿದ ಪುಟ್ಟಿ ಪುಡಿ ಇವನ್ನ ಮನೆ ಮಷೀನಲ್ಲಿ ಎಳೆದ್ರೆ ಒಂದೇ ದಿನದಲ್ಲಿ ಫಿಲ್ಟರ್ ಕಟ್ಕೊಂಡು ಹೋಗುತ್ತೆ, ಅದನ್ನ ಒದ್ದೆ ಬಟ್ಟೇಲೇ ಒರೆಸಿ. ಊದುಬತ್ತಿ ಬೂದಿ, ಒಲೆ ಬೂದೀನೂ ಅಷ್ಟೇ. ನೆಲದ ಮೇಲಿನ ದಪ್ಪ ಕಸಕ್ಕೆ ಪೊರಕೆ ಸಾಕು, ಮಷೀನನ್ನ ಹಾಸಿಗೆ, ಸೋಫಾ, ಕರ್ಟನ್, ಜಮಖಾನ ಇಂಥದಕ್ಕೆ ಇಟ್ಕೊಳ್ಳಿ, ಧೂಳುಹುಳ ಇರೋದು ಅಲ್ಲೇ. ಫಿಲ್ಟರ್ ಕಟ್ಕೊಂಡಾಗ ಎಳೆಯೋ ಶಕ್ತಿ ಕಮ್ಮಿ ಆಗುತ್ತೆ, ಮೋಟಾರ್ ಬಿಸಿ ಆಗುತ್ತೆ, ಅರ್ಧ ಗಂಟೆ ಕೆಲಸ ಒಂದು ಗಂಟೆ ಹಿಡಿಯುತ್ತೆ, ಆಗ ಜನ 'ಇದು ಪವರ್ ಸಾಲದು' ಅಂತ ಜಾಸ್ತಿ ವ್ಯಾಟಿಂದು ಹೊಸ ಮಷೀನ್ ಹುಡುಕೋಕೆ ಹೋಗ್ತಾರೆ. ಯುರೋಪಲ್ಲಿ 2014ರಲ್ಲಿ 1600 ವ್ಯಾಟ್, 2017ರಿಂದ 900 ವ್ಯಾಟ್‌ಗಿಂತ ಜಾಸ್ತಿ ಇರೋ ಮಷೀನ್ ಮಾರುಕಟ್ಟೆಗೆ ಬಿಡಬಾರದು ಅಂತ ನಿಯಮ ಮಾಡಿದ್ರು, ಹಾಗಂತ ಅಲ್ಲಿ ಯಾರ ಮನೆಯೂ ಧೂಳಲ್ಲಿ ಮುಳುಗಿಲ್ಲ.

ಚೀಲದ ವಿಷಯದಲ್ಲಿ ಒಂದು ಮಾತು. ಪೇಪರ್ ಚೀಲ ಕಾಂಪೋಸ್ಟ್ ಆಗುತ್ತೆ ಅಂತ ಮಾರ್ತಾರೆ, ಪೇಪರೇನೋ ಆಗಬಹುದು, ಆದ್ರೆ ಅದ್ರೊಳಗೆ ತುಂಬಿರೋದು ಪಾಲಿಯೆಸ್ಟರ್ ಬಟ್ಟೆ ಎಳೆ, ಕೂದಲು, ರಸ್ತೆ ಧೂಳು, ಹಳೇ ಪೇಂಟ್ ಚೂರು. ಇದನ್ನ ಗಿಡದ ಕುಂಡಕ್ಕೆ ಅಥವಾ ಹಸಿ ಕಸಕ್ಕೆ ಹಾಕ್ಬಾರದು. ತೊಳೆಯೋ ಬಟ್ಟೆ ಚೀಲ ಕಸ ಕಮ್ಮಿ ಮಾಡುತ್ತೆ ನಿಜ, ಆದ್ರೆ ಅದನ್ನ ಕೊಡವೋವಾಗ ಧೂಳೆಲ್ಲಾ ಮುಖಕ್ಕೇ ಬರುತ್ತೆ, ಆ ಕೆಲಸ ಹೆಚ್ಚಿನ ಮನೆಗಳಲ್ಲಿ ಮನೆಕೆಲಸಕ್ಕೆ ಬರೋ ಹೆಂಗಸರ ತಲೆಗೆ ಬೀಳುತ್ತೆ, ಅವರಿಗೆ ಒಂದು ಮಾಸ್ಕ್ ಕೊಡೋರು ಕಮ್ಮಿ. ಅಸ್ತಮಾ ಇರೋರ ಮನೇಲಿ ಬಾಯಿ ಮುಚ್ಚಿ ಎಸೆಯೋ ಚೀಲಾನೇ ವಾಸಿ, ಇಲ್ಲಿ ಆರೋಗ್ಯ ಮೊದಲು, ಕಸ ಆಮೇಲೆ, ಇದ್ರ ಬಗ್ಗೆ ನನಗೆ ಯಾವ ಅನುಮಾನಾನೂ ಇಲ್ಲ. ಈಗ ಅಪಾರ್ಟ್‌ಮೆಂಟ್‌ಗಳಲ್ಲಿ ಓಡಾಡ್ತಿರೋ ರೋಬೋ ಮಷೀನ್‌ಗಳಿಗೆ ತಾನೇ ಖಾಲಿ ಮಾಡ್ಕೊಳ್ಳೋ ಡಾಕ್ ಅಂತ ಬಂದಿದೆ, ಅದಕ್ಕೂ ಹೆಚ್ಚಿನವಕ್ಕೆ ಎಸೆಯೋ ಚೀಲಾನೇ ಬೇಕು, ಉಬ್ಬಸದ ತೊಂದರೆ ಇಲ್ಲದ ಮನೆಗಳಲ್ಲಿ ಅದು ಸುಮ್ನೆ ಕಸ ಜಾಸ್ತಿ ಮಾಡೋ ವ್ಯವಸ್ಥೆ.

ಹಳೇ ಫಿಲ್ಟರ್ ಎಲ್ಲಿ ಹಾಕೋದು? ಬೆಂಗಳೂರಲ್ಲಿ 2015ರ ಡಿಸೆಂಬರ್‌ನಲ್ಲಿ ಹೈಕೋರ್ಟ್ ಹೇಳಿದ ಎರಡು ಬುಟ್ಟಿ ಒಂದು ಚೀಲದ ಪದ್ಧತಿ ಪ್ರಕಾರ ಧೂಳು, ಧೂಳು ತುಂಬಿದ ಚೀಲ, ಪೇಪರ್ ತರದ ಫಿಲ್ಟರ್ ಇವೆಲ್ಲಾ ಕೆಂಪು ಬುಟ್ಟಿಗೆ, ಅಂದ್ರೆ ಗೊಬ್ಬರಕ್ಕೂ ಮರುಬಳಕೆಗೂ ಬಾರದ ರಿಜೆಕ್ಟ್ ಕಸಕ್ಕೆ. ದಯವಿಟ್ಟು ಪೇಪರಲ್ಲಿ ಸುತ್ತಿ ದಾರ ಕಟ್ಟಿ ಕೊಡಿ. ಬಿಚ್ಚಿ ಹಾಗೇ ಸುರಿದ್ರೆ ಆಟೋ ಹತ್ರ ನಿಂತಿರೋ ಪೌರಕಾರ್ಮಿಕರು ಅಷ್ಟೂ ಧೂಳು ಕುಡೀಬೇಕಾಗುತ್ತೆ, ಅವರ ಶ್ವಾಸಕೋಶಕ್ಕೆ ಹೆಪಾ ಇಲ್ಲ. ಕೆಟ್ಟ ಮಷೀನ್ ಮಾತ್ರ ಇ-ವೇಸ್ಟ್‌ಗೆ, 2023ರ ಏಪ್ರಿಲ್ 1ರಿಂದ ಜಾರಿಯಲ್ಲಿರೋ ಇ-ತ್ಯಾಜ್ಯ ನಿಯಮದ ಪಟ್ಟಿಯಲ್ಲಿ ವ್ಯಾಕ್ಯೂಮ್ ಕ್ಲೀನರ್ ಇದೆ, ಆ ನಿಯಮ ಅವುಗಳ ಸ್ಪೇರ್ ಪಾರ್ಟ್ಸು, ಬಳಸಿ ಮುಗಿಯೋ ಭಾಗಗಳಿಗೂ ಅನ್ವಯ ಅಂತ ಬರೆದೂ ಇದೆ. ಹಾಗಿದ್ಮೇಲೆ ಹೊಸ ಫಿಲ್ಟರ್ ಮಾರೋ ಕಂಪನಿ ಹಳೇದನ್ನ ವಾಪಸ್ ತಗೊಳ್ಳೋ ವ್ಯವಸ್ಥೆ ಯಾಕೆ ಮಾಡಬಾರದು, ಸರ್ವಿಸ್‌ಗೆ ಬರೋ ಹುಡುಗರು ಹೊಸದು ತಂದು ಹಾಕಿ ಹಳೇದನ್ನ ನಮ್ಮ ಕೈಗೇ ಕೊಟ್ಟು ಹೋಗ್ತಾರೆ.

ಎಲ್ಲಕ್ಕಿಂತ ದೊಡ್ಡ ಸಮಸ್ಯೆ ಫಿಲ್ಟರ್ ಸಿಗದೇ ಇರೋದು. ಮೋಟಾರ್ ಚೆನ್ನಾಗಿರುತ್ತೆ, ಪೈಪ್ ಚೆನ್ನಾಗಿರುತ್ತೆ, ಆದ್ರೆ 'ಆ ಮಾಡೆಲ್ ನಿಂತೋಗಿದೆ ಮೇಡಂ, ಎಕ್ಸ್‌ಚೇಂಜ್‌ನಲ್ಲಿ ಹೊಸದು ತಗೊಳ್ಳಿ' ಅಂತಾರೆ. ಅಂಗೈ ಅಗಲದ ಒಂದು ಫಿಲ್ಟರ್‌ಗೋಸ್ಕರ ಕೆಲಸ ಮಾಡ್ತಿರೋ ನಾಲ್ಕೈದು ಕೆಜಿ ತಾಮ್ರ, ಪ್ಲಾಸ್ಟಿಕ್ಕನ್ನ ಗುಜರಿಗೆ ಹಾಕೋದು ಅಂದ್ರೆ ಹೊಟ್ಟೆ ಉರಿಯುತ್ತೆ. ಬೆಂಗಳೂರಿನವರು ಎಸ್.ಪಿ. ರೋಡ್‌ಗೆ ಹೋಗಿ ಹುಡುಕ್ತಾರೆ, ಸಣ್ಣ ಊರಿನವರು ಎಲ್ಲಿಗೆ ಹೋಗ್ಬೇಕು? ಫ್ರಾನ್ಸಲ್ಲಿ 2021ರಿಂದ ಕೆಲವು ಸಾಮಾನಿನ ಮೇಲೆ ರಿಪೇರಿ ಅಂಕ ಅಂತ ಹತ್ತಕ್ಕೆ ಇಷ್ಟು ಅಂತ ಹಾಕ್ಬೇಕು, ಸ್ಪೇರ್ ಸಿಗುತ್ತಾ, ಬೆಲೆ ಎಷ್ಟು, ಬಿಚ್ಚೋದು ಸುಲಭಾನಾ ಅನ್ನೋದೆಲ್ಲಾ ಅದ್ರಲ್ಲಿ ಲೆಕ್ಕಕ್ಕೆ ಬರುತ್ತೆ, 2022ರಲ್ಲಿ ವ್ಯಾಕ್ಯೂಮ್ ಕ್ಲೀನರನ್ನೂ ಅದಕ್ಕೆ ಸೇರಿಸಿದ್ರು. ನಮ್ಮ ಕೇಂದ್ರ ಸರ್ಕಾರಾನೂ 2022ರ ಡಿಸೆಂಬರ್‌ನಲ್ಲಿ 'ರೈಟ್ ಟು ರಿಪೇರ್' ಪೋರ್ಟಲ್ ಶುರು ಮಾಡಿದೆ, ಗೃಹೋಪಯೋಗಿ ಸಾಮಾನುಗಳೂ ಅದ್ರ ವ್ಯಾಪ್ತಿಗೆ ಬರುತ್ತೆ, ಒಳ್ಳೇ ಕೆಲಸ, ಆದ್ರೆ ಕೊಳ್ಳೋ ಹೊತ್ತಲ್ಲಿ ಡಬ್ಬಿ ಮೇಲೇ 'ಈ ಮಾಡೆಲ್ ಫಿಲ್ಟರ್ ಇಷ್ಟು ವರ್ಷ ಸಿಗುತ್ತೆ' ಅಂತ ಬರೆಯೋದು ಕಡ್ಡಾಯ ಆಗ್ಬೇಕು. ಅಲ್ಲೀವರೆಗೆ ಹೊಸ ಮಷೀನ್ ತಗೊಳ್ಳೋರು ಮೊದಲು ಆ ಮಾಡೆಲ್ಲಿನ ಫಿಲ್ಟರ್ ಬಿಡಿಯಾಗಿ ಸಿಗುತ್ತಾ ಅಂತ ನೋಡಿ ಆಮೇಲೆ ದುಡ್ಡು ಕೊಡಿ, ಬ್ರಷ್ಷು ಅದು ಇದು ಸೇರಿಸಿದ ಕಾಂಬೊ ಪ್ಯಾಕ್ ಮಾತ್ರ ಇದೆ ಅಂದ್ರೆ ಬೇರೆ ಮಾಡೆಲ್ ನೋಡೋದು ವಾಸಿ.

ಹಸಿರೆಲೆ ಚಿತ್ರದ ಬಗ್ಗೆ ಕಾನೂನು ಆಗ್ಲೇ ಇದೆ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2024ರ ಅಕ್ಟೋಬರ್‌ನಲ್ಲಿ ಮಾರ್ಗಸೂಚಿ ಹೊರಡಿಸಿದೆ, 'ಇಕೋ ಫ್ರೆಂಡ್ಲಿ', 'ಗ್ರೀನ್' ಇಂಥ ಮಾತು ಸುಮ್ನೆ ಹಾಕೋ ಹಾಗಿಲ್ಲ, ಯಾವ ಅರ್ಥದಲ್ಲಿ, ಯಾವ ಭಾಗಕ್ಕೆ, ಆಧಾರ ಏನು ಅಂತ ತೋರಿಸ್ಬೇಕು, ಕ್ಯೂಆರ್ ಕೋಡ್ ಮೂಲಕ ಆದ್ರೂ ಸರಿ. ಡಬ್ಬಿ ಮೇಲೆ ಅಂಥ ಮಾತಿದ್ದು ಆಧಾರ ಇಲ್ದಿದ್ರೆ ಫೋಟೋ ತೆಗೆದು, ಬಿಲ್ ಇಟ್ಕೊಂಡು, ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಫೋನ್ ಮಾಡಿ ದೂರು ಕೊಡಿ, ಕನ್ನಡದಲ್ಲೂ ಮಾತಾಡಬಹುದು. ಒಬ್ಬಿಬ್ಬರು ಕೊಟ್ರೆ ಏನೂ ಆಗಲ್ಲ, ಹಬ್ಬದ ಸೇಲ್‌ನಲ್ಲಿ ಕೊಂಡವರೆಲ್ಲಾ ಕೊಟ್ರೆ ಆಗುತ್ತೆ.

ಇನ್ನೊಂದು ಕೋರಿಕೆ ನಿಮ್ಮ ಓದುಗರಿಗೆ. ಹಳೇ ಮಾಡೆಲ್‌ಗಳಿಗೆ ಪ್ಲಾಸ್ಟಿಕ್ ಫ್ರೇಮ್ ಉಳಿಸ್ಕೊಂಡು ಒಳಗಿನ ಪೇಪರ್ ಮಾತ್ರ ಬದಲಾಯಿಸಿ, ಗ್ಯಾಸ್ಕೆಟ್ ಕೂರಿಸಿ ಕೊಡೋ ರಿಪೇರಿಯವರು ಹುಬ್ಬಳ್ಳಿ, ದಾವಣಗೆರೆ, ಶಿವಮೊಗ್ಗ, ಕಲಬುರಗಿ ಎಲ್ಲೇ ಇದ್ರೂ ಗೊತ್ತಿದ್ದವರು ಇದೇ ಅಂಕಣಕ್ಕೆ ಬರೀರಿ, ಮಾಡೆಲ್ ನಿಂತೋಯ್ತು ಅಂತ ಮಷೀನ್ ಅಟ್ಟಕ್ಕೆ ಹಾಕಿರೋರು ತುಂಬಾ ಜನ ಇದಾರೆ.

ಇಂತಿ,
ಒಬ್ಬ ಓದುಗಾರ್ತಿ, ಬೆಂಗಳೂರು